ಹೋಟೆಲಿನ ದಾರಿ, ನಾಕಾದ ದಾರಿ

ಮುಂಬಯಿ ಕನ್ನಡಿಗರ ಚರಿತ್ರೆಯನ್ನು ಬರೆಯಹೊರಟಾಗಲೆಲ್ಲ ನಾವು ಕರಾವಳಿಯಿಂದಲೇ ಆರಂಭಿಸುತ್ತೇವೆ. ಹಡಗಿನಿಂದಿಳಿದ ಹುಡುಗ, ಹಗಲು ಹೋಟೆಲಿನ ದುಡಿಮೆ, ಇರುಳು ಕನ್ನಡ ರಾತ್ರಿಶಾಲೆ, ಮುಂದೆ ಸ್ವಂತ ಹೋಟೆಲು ಇಲ್ಲವೆ ಬ್ಯಾಂಕಿನ ನೌಕರಿ: ಈ ಕಥನ ನಮಗೆಲ್ಲ ಬಾಯಿಪಾಠ. ಅದು ಸತ್ಯವೂ ಹೌದು. 1902ರ ಮೊಗವೀರ ವ್ಯವಸ್ಥಾಪಕ ಮಂಡಳಿ, 1927ರ ಬಂಟರ ಸಂಘ, 1942ರಲ್ಲಿ ಮಾಟುಂಗದಲ್ಲಿ ರಾಮ ನಾಯಕರು ತೆರೆದ ಉಡುಪಿ ಶ್ರೀಕೃಷ್ಣ ಬೋರ್ಡಿಂಗ್ ಆ ಹಾದಿಯ ಮೈಲಿಗಲ್ಲುಗಳು. ಆದರೆ ಇದು ಅರ್ಧ ಚರಿತ್ರೆ.

1956ರವರೆಗೆ ಧಾರವಾಡ, ಬೆಳಗಾವಿ, ವಿಜಾಪುರ, ಕಾರವಾರಗಳು ಮುಂಬಯಿ ಆಡಳಿತಕ್ಕೇ ಸೇರಿದ್ದವು. ಆ ಭಾಗದವರಿಗೆ ಮುಂಬಯಿ ಹೊರನಾಡಲ್ಲ, ರಾಜಧಾನಿ. ರಾಜ್ಯಗಳ ಪುನರ್ವಿಂಗಡಣೆಯಾದಾಗ ಇಲ್ಲಿ ನೆಲೆಸಿದ್ದವರು ಇದ್ದಲ್ಲೇ ಇದ್ದು ಹೊರನಾಡಿಗರಾದರು.

ಇದಾದ ಮೇಲೆ ನಮ್ಮದೇ ಎರಡನೆಯ ವಲಸೆ ನಡೆಯಿತು. ಮಕ್ಕಳು ಬೆಳೆದಂತೆ ಚಾಳಿನ ಒಂದು ಕೋಣೆ ಸಾಲದಾಯಿತು. ನಗರದೊಳಗಿನ ಮನೆ ಕೈಗೆಟುಕದಾಯಿತು. 1982ರ ಗಿರಣಿ ಮುಷ್ಕರದ ತರುವಾಯ ಕಾರ್ಮಿಕರ ಮುಂಬಯಿಯೂ ಕರಗತೊಡಗಿತು. 1853ರಲ್ಲಿ ಠಾಣೆಗೂ ಮರುವರ್ಷ ಕಲ್ಯಾಣಕ್ಕೂ ತಲುಪಿದ್ದ ರೈಲುಹಳಿಯೇ ಜನರಿಗೆ ದಾರಿ ತೋರಿತು. ಸರಕಾರವೂ ನಗರದ ಒತ್ತಡವನ್ನು ಹೊರಕ್ಕೆ ಹರಿಸಲು ಯೋಜಿಸಿತು: 1962ರಲ್ಲಿ ಮಹಾರಾಷ್ಟ್ರ ಕೈಗಾರಿಕಾ ಅಭಿವೃದ್ಧಿ ನಿಗಮ, 1970ರಲ್ಲಿ ನವಿ ಮುಂಬಯಿಗಾಗಿ ಸಿಡ್ಕೋ, 1992ರಲ್ಲಿ ಖಾಡಿಯನ್ನು ದಾಟಿ ವಾಶಿಗೆ ಲೋಕಲ್ ರೈಲು. ಡೊಂಬಿವಲಿ, ಕಲ್ಯಾಣ, ನೆರೂಲ್‌ಗಳಲ್ಲಿ ನಮಗೆ ಸ್ವಂತ ಮನೆಗಳಾದವು. ಬೆನ್ನಿಗೇ ಸಂಘಗಳೂ ಯಕ್ಷಗಾನವೂ ಬಂದವು.

ಈ ಮನೆಗಳನ್ನು ಕಟ್ಟಿದವರು ಯಾರು? ಮುಂಜಾನೆ ಠಾಣೆ, ನವಿ ಮುಂಬಯಿಯ ಕೂಲಿ ನಾಕಾಗಳಲ್ಲಿ ಬುತ್ತಿ ಹಿಡಿದು ನಿಂತವರ ಮಾತಿಗೆ ಕಿವಿಗೊಟ್ಟರೆ ವಿಜಯಪುರ, ಕಲಬುರಗಿಗಳ ಕನ್ನಡ ಕೇಳುತ್ತದೆ. ಅವರಲ್ಲಿ ಅನೇಕರು ತಾಂಡಾಗಳ ಲಂಬಾಣಿಗರು; ಮನೆಯೊಳಗೆ ಲಂಬಾಣಿ, ಹೊರಗೆ ಕನ್ನಡ, ಇಲ್ಲಿ ಮರಾಠಿ, ಹಿಂದಿ. ನಮ್ಮ ಹಿರಿಯರು ಕಡಲ ದಾರಿಯಲ್ಲಿ ಬಂದರೆ ಇವರು ಸೊಲ್ಲಾಪುರದ ಮೇಲಿನ ರೈಲಿನಲ್ಲಿ ಕಲ್ಯಾಣಕ್ಕೆ ಬಂದವರು. ಮಳೆಯನ್ನೇ ನಂಬಿದ ಬೇಸಾಯ, ಒಂದೇ ಬೆಳೆ, ತೀರದ ಸಾಲ, 1972ರಂತಹ ಬರ ಅವರನ್ನು ಊರು ಬಿಡಿಸಿದವು. ಕಟ್ಟಡ ಮುಗಿದೊಡನೆ ಅವರ ತಗಡಿನ ಗುಡಿಸಲೂ ಅಲ್ಲಿಂದ ಏಳುತ್ತದೆ. ನಮಗೆ ವಿಳಾಸ ಕೊಟ್ಟವರಿಗೆ ವಿಳಾಸವೇ ಇಲ್ಲ.

ಕಾನೂನು ಇವರನ್ನು ಪೂರ್ತಿ ಮರೆತಿರಲಿಲ್ಲ. 1979ರಲ್ಲಿ ಅಂತರರಾಜ್ಯ ವಲಸೆ ಕಾರ್ಮಿಕರ ಕಾಯ್ದೆ, 1996ರಲ್ಲಿ ಕಟ್ಟಡ ಕಾರ್ಮಿಕರ ಕಾಯ್ದೆ ಬಂದವು. ಎರಡನೆಯದರ ಪ್ರಕಾರ ಕಲ್ಯಾಣ ಮಂಡಳಿಯ ಫಲಾನುಭವಿಯಾಗಲು ಹಿಂದಿನ ಹನ್ನೆರಡು ತಿಂಗಳಲ್ಲಿ 90 ದಿನ ದುಡಿದಿರಬೇಕಿತ್ತು. ದುಡಿಮೆಗೇನೂ ಕೊರತೆಯಿಲ್ಲ, ಆದರೆ ದಿನಕ್ಕೊಬ್ಬ ಮುಕಾದಮನ ಕೈಕೆಳಗೆ ದುಡಿದವನಿಗೆ ಆ 90 ದಿನಗಳ ಪತ್ರವನ್ನು ಬರೆದುಕೊಡುವವರಾರು? ಸಂವಿಧಾನದ 350ಎ ವಿಧಿ ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಮಾತೃಭಾಷೆಯಲ್ಲಿ ಪ್ರಾಥಮಿಕ ಶಿಕ್ಷಣದ ಮಾತನ್ನಾಡುತ್ತದೆ. ವರ್ಷದ ನಡುವೆ ನೆಲೆ ಬದಲಿಸುವ ಮಗು ಯಾವ ಶಾಲೆಯ ಹಾಜರಿಪುಸ್ತಕದಲ್ಲಿ ಉಳಿದೀತು?

ರಾತ್ರಿಶಾಲೆಗಳ ಚರಿತ್ರೆ ಇಲ್ಲಿ ನೆನಪಾಗಬೇಕು. ಮೊದಲು ಬಂದವರು ಹಿಂದೆ ಬಂದವರಿಗಾಗಿ ಅವನ್ನು ತೆರೆದರು. ಹೋಟೆಲಿನ ಹುಡುಗ ಗುಮಾಸ್ತನಾದದ್ದು ಆ ದೀಪದ ಬೆಳಕಿನಲ್ಲಿ. ಇಂದು ಮೊದಲು ಬಂದವರು ನಾವು. ನಮ್ಮ ಸಂಘದ ಸಭಾಂಗಣಗಳು ವಾರದ ಬಹುಪಾಲು ಸಂಜೆ ಖಾಲಿ ಇರುತ್ತವೆ. ಒಂದು ಸಂಜೆ ಅರ್ಜಿ ತುಂಬಿಸಲು, ಒಂದು ಸಂಜೆ ಅಕ್ಷರ ಕಲಿಸಲು ಅವುಗಳ ಬಾಗಿಲು ತೆರೆದರೆ ಸಾಕು. ಹಾಗಾದಾಗ ನಾವು ಬರೆಯುವ ಮುಂಬಯಿ ಕನ್ನಡಿಗರ ಚರಿತ್ರೆಗೆ ಅದರ ಇನ್ನರ್ಧ ಬಂದು ಸೇರೀತು.