ಗವರ್ನರನನ್ನು ಆರಿಸುವವರು ಯಾರು?



ಗವರ್ನರ್ ಎಂಬ ಪದವಿಯು ನಮ್ಮ ಕರಾವಳಿಗೆ ಹೊಸದಲ್ಲ. 1799ರಲ್ಲಿ ಶ್ರೀರಂಗಪಟ್ಟಣವು ಬಿದ್ದ ಬಳಿಕ ಕೆನರಾ ಸೀಮೆಯು ಆಂಗ್ಲರ ಕೈಸೇರಿತು. ಅದರ ಮೊದಲನೆಯ ಕಲೆಕ್ಟರನಾಗಿ ಬಂದ ಥಾಮಸ್ ಮನ್ರೋ ಎಂಬಾತನೇ 1820ರಲ್ಲಿ ಮದರಾಸಿನ ಗವರ್ನರನಾದನು. ಆತನು ದಕ್ಷನೆಂದು ಹೆಸರು ಪಡೆದವನು, ಅದು ನಿಜ. ಆದರೆ ಆತನಿಗೆ ಆ ಪದವಿಯು ಲಂಡನ್ನಿನಿಂದ ಬಂದಿತೇ ಹೊರತು, ಇಲ್ಲಿ ತೀರ್ವೆ ತೆತ್ತ ಒಕ್ಕಲುಗಳಿಂದ ಬರಲಿಲ್ಲ. ಅಧಿಕಾರಿಯು ಎಷ್ಟೇ ಒಳ್ಳೆಯವನಾದರೂ ಅವನು ಯಾರಿಗೆ ಉತ್ತರವಾದಿ ಎಂಬ ಪ್ರಶ್ನೆಯು ಬೇರೆಯೇ ಆಗಿದೆ. ಆ ಪ್ರಶ್ನೆಯನ್ನು ಕುರಿತೇ ಈ ಹೊತ್ತು ನಾಲ್ಕು ಮಾತುಗಳನ್ನು ಅರಿಕೆಮಾಡಬೇಕೆಂದಿದ್ದೇನೆ.

ಇದೇ ಪ್ರಶ್ನೆಯನ್ನು ನಮಗಿಂತ ಮೊದಲು ಎದುರಿಸಿದವರು ಅಮೆರಿಕನ್ನರು. 1776ಕ್ಕೆ ಹಿಂದೆ ಅಲ್ಲಿದ್ದ 13 ವಸಾಹತುಗಳಲ್ಲಿ ಬಹುಪಾಲಿನವಕ್ಕೆ ಗವರ್ನರನನ್ನು ಇಂಗ್ಲೆಂಡಿನ ದೊರೆಯೇ ನೇಮಿಸುತ್ತಿದ್ದನು. ಕನೆಕ್ಟಿಕಟ್ ಮತ್ತು ರೋಡ್ ಐಲೆಂಡ್ ಎಂಬ ಎರಡು ಮಾತ್ರ ತಮ್ಮ ಗವರ್ನರನನ್ನು ತಾವೇ ಆರಿಸಿಕೊಳ್ಳುತ್ತಿದ್ದುವು. ಪ್ರಜಾಸಭೆಗಳು ಮಾಡಿದ ಶಾಸನವನ್ನು ದೊರೆಯ ಗವರ್ನರನು ತಡೆಯುವನು. ಪ್ರಜಾಸಭೆಗಳು ಅವನ ಸಂಬಳವನ್ನು ತಡೆಹಿಡಿಯುವುವು. ಹೀಗೆ ಹಗ್ಗಜಗ್ಗಾಟವು ನಡೆದೇ ಇತ್ತು. ಸ್ವಾತಂತ್ರ್ಯವು ಘೋಷಿತವಾದ ಕೂಡಲೇ ಈ ಹಳೆಯ ಕಹಿಯು ಹೊಸ ಸಂವಿಧಾನಗಳಲ್ಲಿ ಕಾಣಿಸಿಕೊಂಡಿತು. ಪೆನ್ಸಿಲ್ವೇನಿಯದವರು 1776ರಲ್ಲಿ ಗವರ್ನರ್ ಪದವಿಯನ್ನೇ ತೆಗೆದುಹಾಕಿ, ಅದರ ಸ್ಥಾನದಲ್ಲಿ ಒಂದು ಮಂಡಲಿಯನ್ನು ಕೂರಿಸಿದರು. ವರ್ಜೀನಿಯದಲ್ಲಿ ಶಾಸನಸಭೆಯೇ ವರ್ಷಕ್ಕೊಮ್ಮೆ ಗವರ್ನರನನ್ನು ಆರಿಸುವುದಾಯಿತು. ಅವನಿಗೆ ಶಾಸನವನ್ನು ತಡೆಯುವ ಅಧಿಕಾರವೇ ಇರಲಿಲ್ಲ.

ಆದರೆ ಕೈಕಾಲು ಕಟ್ಟಿದ ಅಧಿಕಾರಿಯಿಂದ ಆಡಳಿತವು ಸಾಗದೆಂಬುದು ಬೇಗನೆ ಅನುಭವಕ್ಕೆ ಬಂದಿತು. ನ್ಯೂಯಾರ್ಕಿನವರು 1777ರಲ್ಲಿಯೂ ಮ್ಯಾಸಚೂಸೆಟ್ಸಿನವರು 1780ರಲ್ಲಿಯೂ ಪ್ರಜೆಗಳೇ ಗವರ್ನರನನ್ನು ಆರಿಸುವ ಏರ್ಪಾಡನ್ನು ಮಾಡಿದರು. ಕಾಲಕ್ರಮದಲ್ಲಿ ಇದೇ ಎಲ್ಲೆಡೆಯಲ್ಲಿಯೂ ನೆಲೆಗೊಂಡಿತು. ಇಂದು ಅಲ್ಲಿಯ 50 ಸಂಸ್ಥಾನಗಳಲ್ಲಿಯೂ ಗವರ್ನರನು ಪ್ರಜೆಗಳ ಮತದಿಂದಲೇ ಬರತಕ್ಕವನು. 48ರಲ್ಲಿ ಅವಧಿ ನಾಲ್ಕು ವರ್ಷ, ವರ್ಮಾಂಟ್ ಮತ್ತು ನ್ಯೂ ಹ್ಯಾಂಪ್‌ಷೈರುಗಳಲ್ಲಿ ಎರಡೇ ವರ್ಷ. ಅವನಿಗೆ ಅಧಿಕಾರವು ಬಹಳ, ಶಾಸನವನ್ನು ತಿರಸ್ಕರಿಸಬಲ್ಲನು. ಆದರೆ ಬೇಡವೆಂದು ಕಂಡರೆ ಜನರು ಅವನನ್ನೇ ತಿರಸ್ಕರಿಸಬಲ್ಲರು. ಕೆಲವು ಸಂಸ್ಥಾನಗಳಲ್ಲಿ ಅವಧಿಯು ಮುಗಿಯುವವರೆಗೆ ಕಾಯಬೇಕಾದುದೂ ಇಲ್ಲ: 1921ರಲ್ಲಿ ಉತ್ತರ ಡಕೋಟದವರೂ 2003ರಲ್ಲಿ ಕ್ಯಾಲಿಫೋರ್ನಿಯದವರೂ ತಮ್ಮ ಗವರ್ನರರನ್ನು ನಡುವೆಯೇ ಮತದಿಂದ ಇಳಿಸಿದರು.

ಇನ್ನು ನಮ್ಮ ಕಡೆಗೆ ಬರೋಣ. ನಮ್ಮಲ್ಲಿಯೂ ಚುನಾವಣೆಗಳು ಬಂದುವು. ಆದರೆ ಅವು ಗವರ್ನರನ ಬಾಗಿಲವರೆಗೆ ಬಂದು ನಿಂತುವು. ಮಂಗಳೂರಿನಲ್ಲಿ ಹುಟ್ಟಿದ ಕಮಲಾದೇವಿ ಚಟ್ಟೋಪಾಧ್ಯಾಯರು 1926ರಲ್ಲಿ ಮದರಾಸು ಶಾಸನಸಭೆಗೆ ಸ್ಪರ್ಧಿಸಿ ಅತ್ಯಲ್ಪ ಮತಗಳಿಂದ ಸೋತರು. ಹೆಂಗಸೊಬ್ಬಳು ಮತ ಕೇಳುವುದೇ ಆಗ ದೇಶದಲ್ಲಿ ಅಪೂರ್ವವಾಗಿತ್ತು. ಅವರು ಗೆದ್ದಿದ್ದರೂ ಸಭೆಯ ಮೇಲೆ ಕಡಲಾಚೆಯಿಂದ ನೇಮಿತನಾದ ಗವರ್ನರನು ಇದ್ದೇ ಇರುತ್ತಿದ್ದನು. 1937ರಲ್ಲಿ ಈ ಸಂಗತಿಯು ಎಲ್ಲರಿಗೂ ಸ್ಪಷ್ಟವಾಯಿತು. ಮದರಾಸಿನ 215 ಸ್ಥಾನಗಳಲ್ಲಿ ಕಾಂಗ್ರೆಸ್ಸು 159ನ್ನು ಗೆದ್ದಿತು. ಆದರೂ ಗವರ್ನರನು ತನ್ನ ವಿಶೇಷಾಧಿಕಾರಗಳನ್ನು ದೈನಂದಿನ ಆಡಳಿತದಲ್ಲಿ ಬಳಸನೆಂಬ ಭರವಸೆಯು ದೊರೆಯುವವರೆಗೆ ಅಧಿಕಾರವನ್ನು ಸ್ವೀಕರಿಸಲಿಲ್ಲ. ಏಪ್ರಿಲಿನಿಂದ ಜುಲೈವರೆಗೆ ಬಹುಮತವಿಲ್ಲದ ಮಂತ್ರಿಮಂಡಲವೊಂದು ಗವರ್ನರನ ಕೃಪೆಯಿಂದ ನಡೆಯಿತು. ರಾಜಾಜಿಯವರ ಮಂತ್ರಿಮಂಡಲವು 1939ರಲ್ಲಿ ರಾಜೀನಾಮೆಯಿತ್ತ ಮೇಲೆ, 1946ರವರೆಗೆ ನಮ್ಮ ಜಿಲ್ಲೆಯನ್ನೂ ಒಳಗೊಂಡು ಇಡೀ ಪ್ರಾಂತವನ್ನು ಗವರ್ನರನೇ ಆಳಿದನು.

ಇಷ್ಟನ್ನು ಕಂಡ ಜನರು ಸ್ವತಂತ್ರರಾದ ಮೇಲೆ ಅಮೆರಿಕನ್ನರ ಮಾರ್ಗವನ್ನೇ ಹಿಡಿಯುವರೆಂದು ಯಾರಾದರೂ ಊಹಿಸಬಹುದು. ಮೊದಲು ಹಾಗೆಯೇ ಆಯಿತು. ಸಂವಿಧಾನ ಸಭೆಗೆ ಸಲಹೆಗಾರರಾಗಿದ್ದವರು ನಮ್ಮ ಮಂಗಳೂರಿನಲ್ಲಿ 1887ರಲ್ಲಿ ಜನಿಸಿದ ಬೆನಗಲ್ ನರಸಿಂಗ ರಾಯರು. ಪ್ರಾಂತದ ಶಾಸನಸಭೆಯೇ ಗವರ್ನರನನ್ನು ಆರಿಸಲಿ ಎಂಬುದು 1947ರ ಮೇ ತಿಂಗಳ ಅವರ ಸಲಹೆ. ಸರ್ದಾರ್ ಪಟೇಲರ ನೇತೃತ್ವದ ಸಮಿತಿಯು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ವಯಸ್ಕರೆಲ್ಲರ ಮತದಿಂದ ನೇರವಾಗಿಯೇ ಆರಿಸಬೇಕೆಂದಿತು. ಜುಲೈ ತಿಂಗಳಲ್ಲಿ ಸಭೆಯೂ ಅದನ್ನು ಒಪ್ಪಿತು.

ಆಮೇಲೆ ದೇಶವು ಒಡೆಯಿತು, ಮನಸ್ಸುಗಳೂ ಬದಲಾದುವು. 1949ರ ಮೇ 30 ಮತ್ತು 31ರಂದು ವಿಷಯವು ಮತ್ತೆ ಚರ್ಚೆಗೆ ಬಂದಿತು. ಜನರ ಮತವನ್ನು ಪಡೆದ ಗವರ್ನರನೂ ಜನರ ಮತವನ್ನು ಪಡೆದ ಮುಖ್ಯಮಂತ್ರಿಯೂ ಒಂದೇ ಮನೆಯಲ್ಲಿದ್ದರೆ ಕಲಹವಾಗದೆ ಇದ್ದೀತೇ? ಬರಿಯ ಅಲಂಕಾರಕ್ಕಿರುವ ಪದವಿಗೆ ಅಷ್ಟು ವೆಚ್ಚದ ಚುನಾವಣೆಯೇಕೆ? ಪ್ರಾಂತಗಳ ಪ್ರತ್ಯೇಕತಾಭಾವಕ್ಕೆ ಅದು ಇಂಬುಕೊಡದೆ? ಹೀಗೆಂದು ನೆಹರೂ, ಅಂಬೇಡ್ಕರ್ ಮೊದಲಾದವರು ವಾದಿಸಿದರು. ನೇಮಿತನಾದವನು ಕೇಂದ್ರದ ಆಳಾದಾನೆಂದು ಕೆಲವರು ಎಚ್ಚರಿಸಿದರು. ಕೊನೆಗೆ ರಾಷ್ಟ್ರಪತಿಗಳು ನೇಮಿಸುವ ಪದ್ಧತಿಯೇ ಗೆದ್ದಿತು.

ಆ ವಾದವು ಹುರುಳಿಲ್ಲದುದಲ್ಲ. ಮಂತ್ರಿಮಂಡಲವು ಶಾಸನಸಭೆಗೆ ಉತ್ತರವಾದಿಯಾಗಿರುವ ಪದ್ಧತಿಯನ್ನು ನಾವು ಆರಿಸಿಕೊಂಡಿದ್ದೆವು. ಅಮೆರಿಕದಲ್ಲಿ ಆಡಳಿತವನ್ನು ನಡೆಸುವವನು ಗವರ್ನರನೇ. ಅವರ ಗವರ್ನರನಿಗೆ ಸಾಟಿಯಾದವರು ನಮ್ಮಲ್ಲಿ ಮುಖ್ಯಮಂತ್ರಿಗಳು. ಆದರೆ ಒಂದು ಅಂತರವನ್ನು ನೆನಪಿಡಬೇಕು. ಅಮೆರಿಕನ್ನರು ಗವರ್ನರನಿಗೆ ಬಲವನ್ನು ಕೊಟ್ಟು, ಲಗಾಮನ್ನು ಮತದಾರನ ಕೈಯಲ್ಲಿಟ್ಟರು. ನಾವು ಅವನಿಗೆ ಬಲವು ಬೇಡವೆಂದು ನಂಬಿ, ಲಗಾಮನ್ನು ಬಹುಮಟ್ಟಿಗೆ ಸಂಪ್ರದಾಯದ ಕೈಯಲ್ಲಿಟ್ಟೆವು. ಸಂಪ್ರದಾಯವನ್ನು ಮೀರಿದರೆ ಆಗುವುದೇನು?

ಇದಕ್ಕೆ ಉತ್ತರವು ನಮ್ಮ ರಾಜ್ಯದಲ್ಲಿಯೇ ದೊರೆಯಿತು. 1989ರ ಏಪ್ರಿಲಿನಲ್ಲಿ ಕೆಲವು ಶಾಸಕರ ಪತ್ರಗಳನ್ನು ಆಧಾರವಾಗಿಟ್ಟುಕೊಂಡು, ಎಸ್. ಆರ್. ಬೊಮ್ಮಾಯಿಯವರಿಗೆ ಬಹುಮತವಿಲ್ಲವೆಂದು ರಾಜ್ಯಪಾಲರು ದೆಹಲಿಗೆ ವರದಿಮಾಡಿದರು. ಆ ಶಾಸಕರಲ್ಲಿ ಕೆಲವರು ತಮ್ಮ ಮಾತನ್ನು ಹಿಂತೆಗೆದುಕೊಂಡರು; ಸಭೆಯನ್ನು ಕರೆದು ಪರೀಕ್ಷಿಸಿರೆಂದು ಬೊಮ್ಮಾಯಿಯವರು ಕೇಳಿದರು. ಸಭೆಯು ಸೇರಲಿಲ್ಲ, ಏಪ್ರಿಲ್ 21ರಂದು ರಾಷ್ಟ್ರಪತಿ ಆಡಳಿತವು ಬಂದಿತು. ಐದು ವರ್ಷಗಳ ಬಳಿಕ, 1994ರ ಮಾರ್ಚ್ 11ರಂದು, ಸುಪ್ರೀಂ ಕೋರ್ಟಿನ ಒಂಬತ್ತು ಮಂದಿ ನ್ಯಾಯಾಧೀಶರ ಪೀಠವು ತೀರ್ಪಿತ್ತಿತು: ಬಹುಮತದ ಪರೀಕ್ಷೆಗೆ ಸ್ಥಳವು ಶಾಸನಸಭೆಯೇ, ರಾಜಭವನವಲ್ಲ. ತೀರ್ಪು ಬರುವ ಹೊತ್ತಿಗೆ ಆ ಸಭೆಯೂ ಇರಲಿಲ್ಲ, ಆ ಮಂತ್ರಿಮಂಡಲವೂ ಇರಲಿಲ್ಲ. ಬೊಮ್ಮಾಯಿಯವರಿಗೆ ಅದರಿಂದ ಪದವಿಯು ಮರಳಲಿಲ್ಲ. ಅವರ ಹೆಸರಿನ ಮೊಕದ್ದಮೆಯಿಂದ ಮುಂದಿನವರೆಲ್ಲರಿಗೂ ರಕ್ಷಣೆಯು ದೊರೆಯಿತು.

ಗವರ್ನರನನ್ನು ಚುನಾವಣೆಯಿಂದಲೇ ತರಬೇಕೆಂದು ಹೇಳುವುದು ನನ್ನ ಉದ್ದೇಶವಲ್ಲ. 1949ರ ನಿರ್ಣಯದಲ್ಲಿ ವಿವೇಕವಿತ್ತು. ಆದರೆ ಪ್ರಜೆಗಳು ಆರಿಸದ ಅಧಿಕಾರಿಯು ಪ್ರಜೆಗಳು ಆರಿಸಿದ ಸಭೆಗಿಂತ ಮುಂದೆ ಹೆಜ್ಜೆಯಿಡಬಾರದೆಂಬ ನಿಯಮವನ್ನು ಆ ನಿರ್ಣಯದೊಡನೆಯೇ ಬಿಗಿಮಾಡಬೇಕಾಗಿತ್ತು. ಅದನ್ನು ಮಾಡಲು ನಮಗೆ 45 ವರ್ಷ ಹಿಡಿಯಿತು. ಮನ್ರೋವಿನ ಕಾಲದ ಒಕ್ಕಲಿಗೆ ಕೇಳುವ ಹಕ್ಕಿರಲಿಲ್ಲ, ನಮಗಿದೆ. ರಾಜಭವನದಲ್ಲಿ ಯಾರಿದ್ದಾರೆ ಎಂಬುದಕ್ಕಿಂತ, ಅಲ್ಲಿರುವವರು ಸಭೆಯ ಮಾತಿಗೆ ಕಾದರೇ ಎಂಬುದನ್ನು ಪ್ರತಿಸಲವೂ ಕೇಳುತ್ತಿರುವುದು ನಮ್ಮ ಕರ್ತವ್ಯವು.