ಪಿಷ್ಟದಿಂದ ಪ್ಲಾಸ್ಟಿಕ್: ಮಣ್ಣಾಗುವುದೆಷ್ಟು, ಉಳಿಯುವುದೆಷ್ಟು?

ಮೆಕ್ಕೆಜೋಳ, ಆಲೂಗಡ್ಡೆ, ಮರಗೆಣಸುಗಳ ಪಿಷ್ಟದಿಂದ ತಯಾರಿಸಿದ ಪ್ಲಾಸ್ಟಿಕ್ ಇಂದು ಕೈಚೀಲ, ತಟ್ಟೆ, ಲೋಟಗಳ ರೂಪದಲ್ಲಿ ಮಾರುಕಟ್ಟೆಗೆ ಬಂದಿದೆ. ಸಸ್ಯದಿಂದ ಬಂದದ್ದೆಲ್ಲ ಮಣ್ಣಿಗೆ ಮರಳುತ್ತದೆ ಎಂಬ ನಂಬಿಕೆಯೇ ಇದರ ಜನಪ್ರಿಯತೆಗೆ ಕಾರಣ. ಆದರೆ ಈ ನಂಬಿಕೆ ಅರ್ಧ ಮಾತ್ರ ನಿಜ. ಪಿಷ್ಟದೊಂದಿಗೆ ಏನನ್ನು ಬೆರೆಸಲಾಗಿದೆ, ಬಳಸಿದ ಬಳಿಕ ಅದು ಎಲ್ಲಿಗೆ ಸೇರುತ್ತದೆ ಎಂಬ ಎರಡು ಸಂಗತಿಗಳೇ ಅದರ ಭವಿಷ್ಯವನ್ನು ನಿರ್ಧರಿಸುತ್ತವೆ.

ತಯಾರಿಕೆಯ ವಿಧಾನ

ಪಿಷ್ಟವು ಗ್ಲೂಕೋಸ್ ಕಣಗಳ ಉದ್ದನೆಯ ಸರಪಳಿ. ಇದರಲ್ಲಿ ಎರಡು ಬಗೆ: ನೇರ ಸರಪಳಿಯ ಅಮೈಲೋಸ್ ಮತ್ತು ಕವಲೊಡೆದ ಅಮೈಲೋಪೆಕ್ಟಿನ್. ಸಾಮಾನ್ಯ ಪಿಷ್ಟದಲ್ಲಿ ಅಮೈಲೋಸ್ ಪ್ರಮಾಣ ಸುಮಾರು ಶೇ. 20ರಿಂದ 30. ಪಿಷ್ಟವನ್ನು ನೀರಿನಲ್ಲಿ ಕಲಸಿ ಸುಮಾರು 60ರಿಂದ 80 ಡಿಗ್ರಿ ಸೆಲ್ಸಿಯಸ್‌ವರೆಗೆ ಕಾಯಿಸಿದರೆ ಅದರ ಕಾಳುಗಳು ಉಬ್ಬಿ ಒಡೆದು ಗಂಜಿಯಾಗುತ್ತದೆ. ಇದನ್ನು ಹಾಗೆಯೇ ಒಣಗಿಸಿದರೆ ಹಪ್ಪಳದಂತೆ ಮುರಿಯುವ ಹಾಳೆ ಸಿಗುತ್ತದೆ. ಗ್ಲಿಸರಿನ್ ಬೆರೆಸಿದಾಗ ಅದು ಸರಪಳಿಗಳ ನಡುವೆ ಸೇರಿಕೊಂಡು ಹಾಳೆಗೆ ಬಾಗುವ ಗುಣವನ್ನು ನೀಡುತ್ತದೆ. ಶಾಲಾ ವಿಜ್ಞಾನ ಪ್ರದರ್ಶನಗಳಲ್ಲಿ ಇದಕ್ಕೆ ಒಂದಿಷ್ಟು ವಿನೆಗರ್ ಸೇರಿಸುವುದುಂಟು. ಅದರ ಆಮ್ಲವು ಕವಲುಗಳನ್ನು ಭಾಗಶಃ ಒಡೆಯುತ್ತದೆ. ಕಾರ್ಖಾನೆಗಳಲ್ಲಿ ಇದೇ ಕಾರ್ಯವನ್ನು ಹೆಚ್ಚಿನ ಶಾಖ ಹಾಗೂ ಒತ್ತಡದಲ್ಲಿ ಎಕ್ಸ್‌ಟ್ರೂಡರ್ ಯಂತ್ರ ನಿರ್ವಹಿಸುತ್ತದೆ.

ನೀರೇ ಶತ್ರು

ಪಿಷ್ಟದ ಶಕ್ತಿಯೂ ದೌರ್ಬಲ್ಯವೂ ನೀರಿನ ಮೇಲಿನ ಅದರ ಒಲವೇ ಆಗಿದೆ. ಸೂಕ್ಷ್ಮಜೀವಿಗಳು ಅದನ್ನು ಸುಲಭವಾಗಿ ಅರಗಿಸಿಕೊಳ್ಳಲು ಇದೇ ಕಾರಣ. ಮಳೆಯಲ್ಲಿ ಚೀಲ ಮೆತ್ತಗಾಗಲೂ ಇದೇ ಕಾರಣ. ಜೊತೆಗೆ, ಆರಿದ ಮುದ್ದೆ ಗಟ್ಟಿಯಾಗುವಂತೆ ಪಿಷ್ಟದ ಹಾಳೆಯೂ ದಿನ ಕಳೆದಂತೆ ಬಿರುಸಾಗುತ್ತದೆ. ಆದ್ದರಿಂದ ಚೀಲ ತಯಾರಕರು ಪಿಷ್ಟಕ್ಕೆ ಬೇರೆ ಪಾಲಿಮರ್ ಬೆರೆಸುವುದು ಅನಿವಾರ್ಯವಾಗಿದೆ.

ವ್ಯತ್ಯಾಸ ಇರುವುದು ಇಲ್ಲಿಯೇ. ಪಿಷ್ಟವನ್ನು ಪಾಲಿಎಥಿಲೀನ್‌ಗೆ ಬೆರೆಸಿದರೆ ಸೂಕ್ಷ್ಮಜೀವಿಗಳು ಪಿಷ್ಟವನ್ನಷ್ಟೇ ತಿನ್ನುತ್ತವೆ. ಉಳಿದ ಪ್ಲಾಸ್ಟಿಕ್ ಚೂರುಚೂರಾಗಿ ಮಣ್ಣಿನಲ್ಲಿಯೇ ಉಳಿಯುತ್ತದೆ. ಪಿಬಿಎಟಿಯಂತಹ ಪಾಲಿಮರ್ ಬೆರೆಸಿದಾಗ, ಅದು ಸಾಮಾನ್ಯವಾಗಿ ಪೆಟ್ರೋಲಿಯಂ ಮೂಲದ್ದಾದರೂ, ಕಾಂಪೋಸ್ಟ್ ಘಟಕದಲ್ಲಿ ಇಡೀ ಚೀಲ ವಿಘಟನೆಗೊಳ್ಳಬಲ್ಲದು. ಇದಕ್ಕೆ ತದ್ವಿರುದ್ಧವಾಗಿ, ಬ್ರೆಜಿಲ್‌ನಲ್ಲಿ ಕಬ್ಬಿನಿಂದ ತಯಾರಾಗುವ ಪಾಲಿಎಥಿಲೀನ್ ಪೂರ್ಣ ಸಸ್ಯಜನ್ಯವಾದರೂ ಕೊಳೆಯುವುದಿಲ್ಲ.

ಇನ್ನೊಂದು ದಾರಿ ಪಾಲಿಲ್ಯಾಕ್ಟಿಕ್ ಆಮ್ಲ, ಅಂದರೆ ಪಿಎಲ್ಎ. ಇಲ್ಲಿ ಪಿಷ್ಟವನ್ನು ಸಕ್ಕರೆಯಾಗಿಸಿ, ಹುದುಗಿಸಿ ಲ್ಯಾಕ್ಟಿಕ್ ಆಮ್ಲ ಪಡೆದು, ಅದನ್ನು ಮತ್ತೆ ಸರಪಳಿಯಾಗಿ ಜೋಡಿಸಲಾಗುತ್ತದೆ. ಇದು ಗಾಜಿನಂತೆ ಪಾರದರ್ಶಕ. ಆದರೆ 58 ಡಿಗ್ರಿಯಷ್ಟು ಶಾಖ ಹಾಗೂ ತೇವವಿರುವ ಕಾಂಪೋಸ್ಟ್ ಘಟಕದಲ್ಲಿ ತಿಂಗಳುಗಳಲ್ಲಿ ಕರಗುವ ಪಿಎಲ್ಎ, ಚರಂಡಿ ಅಥವಾ ಸಮುದ್ರದಲ್ಲಿ ವರ್ಷಗಟ್ಟಲೆ ಉಳಿಯಬಹುದು.

ನಿಯಮ ಮತ್ತು ವ್ಯವಸ್ಥೆ

ಕರ್ನಾಟಕವು 2016ರ ಮಾರ್ಚ್‌ನಲ್ಲಿ ಪ್ಲಾಸ್ಟಿಕ್ ಕೈಚೀಲ, ತಟ್ಟೆ, ಲೋಟಗಳನ್ನು ನಿಷೇಧಿಸಿತು. 2022ರ ಜುಲೈ 1ರಿಂದ ಹಲವು ಏಕಬಳಕೆ ವಸ್ತುಗಳ ಮೇಲೆ ದೇಶವ್ಯಾಪಿ ನಿಷೇಧ ಜಾರಿಗೆ ಬಂದಿತು. 2016ರ ಕೇಂದ್ರ ನಿಯಮಗಳು ಕಾಂಪೋಸ್ಟ್ ಆಗಬಲ್ಲ ಚೀಲಗಳಿಗೆ ದಪ್ಪದ ಮಿತಿಯಿಂದ ವಿನಾಯಿತಿ ನೀಡಿದ್ದು, ಮಾರಾಟಕ್ಕೆ ಮುನ್ನ ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿಯ ಪ್ರಮಾಣಪತ್ರವನ್ನು ಕಡ್ಡಾಯಗೊಳಿಸಿವೆ. ಇದಕ್ಕೆ ಆಧಾರ ಐಎಸ್/ಐಎಸ್ಒ 17088 ಮಾನದಂಡ. ಅದರ ಪ್ರಕಾರ, ಕಾಂಪೋಸ್ಟ್ ಸ್ಥಿತಿಯಲ್ಲಿ 180 ದಿನಗಳೊಳಗೆ ವಸ್ತುವಿನ ಇಂಗಾಲದ ಶೇ. 90ರಷ್ಟು ಇಂಗಾಲದ ಡೈಆಕ್ಸೈಡ್ ಆಗಿ ಮಾರ್ಪಡಬೇಕು.

ಇಟಲಿ 2011ರಲ್ಲಿ ಸಾಮಾನ್ಯ ಪ್ಲಾಸ್ಟಿಕ್ ಕೈಚೀಲಗಳನ್ನು ನಿಷೇಧಿಸಿತು. ಮಿಲಾನ್ ನಗರವು 2012ರಿಂದ ಮನೆಮನೆಯ ಅಡುಗೆ ತ್ಯಾಜ್ಯವನ್ನು ಕಾಂಪೋಸ್ಟ್ ಆಗಬಲ್ಲ ಚೀಲಗಳಲ್ಲಿ ಪ್ರತ್ಯೇಕವಾಗಿ ಸಂಗ್ರಹಿಸತೊಡಗಿತು. ಚೀಲದ ಹಿಂದೆ ಸಂಗ್ರಹಣೆಯೂ ಸಂಸ್ಕರಣೆಯೂ ಇದ್ದುದರಿಂದಲೇ ಅಲ್ಲಿ ಪ್ರಯೋಜನವಾಯಿತು.

ಗ್ರಾಹಕರು ಗಮನಿಸಬೇಕಾದುದು ಹಸಿರು ಬಣ್ಣವನ್ನಲ್ಲ, ಎಲೆಯ ಚಿತ್ರವನ್ನಲ್ಲ. 'ಕಾಂಪೋಸ್ಟೆಬಲ್' ಎಂಬ ಮುದ್ರೆ, ಮಾನದಂಡದ ಉಲ್ಲೇಖ, ತಯಾರಕರ ಹೆಸರು ಹಾಗೂ ಪ್ರಮಾಣಪತ್ರ ಸಂಖ್ಯೆಯನ್ನು ನೋಡಬೇಕು. ಬಳಸಿದ ಚೀಲವನ್ನು ಮರುಬಳಕೆಯ ಪ್ಲಾಸ್ಟಿಕ್ ಜೊತೆ ಸೇರಿಸಬಾರದು. ಬೆರೆತರೆ ಆ ರಾಶಿಯ ಗುಣಮಟ್ಟವೇ ಕೆಡುತ್ತದೆ. ಕಾಂಪೋಸ್ಟ್ ಘಟಕ ತಲುಪದೆ ಬಯಲಿಗೋ ಮೋರಿಗೋ ಬಿದ್ದರೆ, ಪಿಷ್ಟದ ಚೀಲವೂ ಇನ್ನೊಂದು ಕಸವಷ್ಟೇ.