ಹಾಲಿ ಸಿಕ್ಕಾ ಮತ್ತು ಹೊಳೆಯಾಚೆಯ ದೇಶ

2001ರಲ್ಲಿ ನೌಕರಿಗೆಂದು ಹೈದರಾಬಾದಿಗೆ ಹೊರಟಾಗ ಅಜ್ಜ ನನ್ನ ಕೈಗೆ ಒಂದು ಬೆಳ್ಳಿ ರೂಪಾಯಿ ಇಟ್ಟರು. ಒಂದು ಬದಿಗೆ ಚಾರ್‌ಮಿನಾರ್ ಚಿತ್ರ. ನಿಜಾಮರ ಹಾಲಿ ಸಿಕ್ಕಾ. "ನೀ ಹೊಂಟಿದ್ದು ಪರದೇಶಕ್ಕಲ್ಲೋ ತಮ್ಮಾ, ನಮ್ಮ ರಾಜಧಾನಿಗೆ" ಅಂದರು. ಇಲ್ಲಿ ಬಾಡಿಗೆ ಮನೆ ಹುಡುಕುವಾಗ ಮಾತ್ರ ಎಲ್ಲರೂ ಕೇಳಿದ್ದು ಒಂದೇ: "ನೀವು ಯಾವ ಸ್ಟೇಟಿನವರು?"

ಅಜ್ಜನ ಊರು ಗಂಗಾವತಿ ಹತ್ತಿರ, ತುಂಗಭದ್ರೆಯ ಎಡದಂಡೆಗೆ. ಅಜ್ಜಿಯ ತವರು ಬಲದಂಡೆಯ ಕಂಪ್ಲಿ. ನಡುವೆ ಹರಿಗೋಲಿನ ಹಾದಿ, ಅಷ್ಟೆ. ಆದರೆ ಗಂಗಾವತಿ ನಿಜಾಮರದು, ಕಂಪ್ಲಿ ಮದ್ರಾಸ್ ಪ್ರಾಂತದ್ದು. ಹೊಳೆ ದಾಟಿದರೆ ರೊಕ್ಕ ಬೇರೆ, ಅಂಚೆ ಚೀಟಿ ಬೇರೆ. ಏಳು ಹಾಲಿ ರೂಪಾಯಿಗೆ ಸುಮಾರು ಆರು ಕಲ್ದಾರ್ ರೂಪಾಯಿ. ದಾರಿಯಲ್ಲಿ ಕರೋಡಗಿರಿ, ಅಂದರೆ ಸುಂಕದ ನಾಕಾ.

1947ರ ಆಗಸ್ಟ್ 15 ಬಂತು. ನಿಜಾಮರು ಭಾರತಕ್ಕೂ ಸೇರಲಿಲ್ಲ, ಪಾಕಿಸ್ತಾನಕ್ಕೂ ಸೇರಲಿಲ್ಲ. ನೋಡನೋಡುತ್ತ ನಮ್ಮ ಹೊಳೆ ದೇಶದ ಗಡಿಯಾಯಿತು. ನವೆಂಬರ್ 29ರಂದು ದಿಲ್ಲಿಗೂ ಹೈದರಾಬಾದಿಗೂ ಒಂದು ವರ್ಷದ ಯಥಾಸ್ಥಿತಿ ಒಪ್ಪಂದವಾಯಿತು. ಅದರ ಶಾಯಿ ಆರುವ ಮೊದಲೇ ಜಗಳ. ಚಿನ್ನ ಬೆಳ್ಳಿ ಹೊರಗೆ ಹೋಗಬಾರದು, ಸಂಸ್ಥಾನದೊಳಗೆ ಭಾರತದ ರೂಪಾಯಿ ನಡೆಯಬಾರದು ಎಂದು ನಿಜಾಮ್ ಸರಕಾರ ಸುಗ್ರೀವಾಜ್ಞೆ ಹೊರಡಿಸಿತು. ತನ್ನ ಬಳಿಯಿದ್ದ ಭಾರತ ಸರಕಾರದ ಸಾಲಪತ್ರಗಳಲ್ಲಿ 20 ಕೋಟಿ ರೂಪಾಯಿಯಷ್ಟನ್ನು ಪಾಕಿಸ್ತಾನಕ್ಕೆ ಸಾಲ ಕೊಟ್ಟಿತು. ಒಪ್ಪಂದ ಮುರಿದಿರಿ ಎಂದು ದಿಲ್ಲಿ ಸಿಟ್ಟಾಯಿತು. ಒಳಗೆ ರಜಾಕಾರರ ಹಾವಳಿ ಬೇರೆ. ಜನ ಗುಳೆ ಎದ್ದು ಗಡಿಯಾಚೆಗೆ ಓಡುತ್ತಿದ್ದರು.

ಹೈದರಾಬಾದಿಗೆ ಸಮುದ್ರವಿಲ್ಲ. ರೈಲಾಗಲಿ ಬಂಡಿಯಾಗಲಿ, ಭಾರತದ ನೆಲದ ಮೇಲೆಯೇ ಹಾದು ಬರಬೇಕು. ಉಪ್ಪು, ಪೆಟ್ರೋಲು, ಔಷಧಿ, ಕುಡಿಯುವ ನೀರಿಗೆ ಹಾಕುವ ಕ್ಲೋರಿನ್ ಕೂಡ ಬರುವುದು ನಿಂತಿತೆಂದು ನಿಜಾಮ್ ಸರಕಾರ ದೂರಿತು. ನಾವು ದಿಗ್ಬಂಧನ ಹಾಕಿಲ್ಲ ಎಂದಿತು ದಿಲ್ಲಿ. ಯಾರ ಮಾತು ಎಷ್ಟು ಖರೆಯೋ, ನಮ್ಮ ಮನೆಯ ಗಡಿಗೆಯಲ್ಲಂತೂ ಉಪ್ಪಿರಲಿಲ್ಲ. ಅಜ್ಜಿ ತವರಿಗೆ ಹೋಗಿ, ಕೂಸಿನ ಕೌದಿಯೊಳಗೆ ಉಪ್ಪಿನ ಗಂಟು ಸುತ್ತಿಕೊಂಡು ಹರಿಗೋಲು ಹತ್ತಿ ಬರುತ್ತಿದ್ದಳಂತೆ. ಆ ಕೂಸೇ ನಮ್ಮಪ್ಪ. "ಗಾಂಧೀಜಿ ಉಪ್ಪು ಮಾಡಿದ್ರು, ನಾ ಉಪ್ಪು ಹೊತ್ತೆ" ಅಂತ ನಗುತ್ತಿದ್ದಳು.

ಹೈದರಾಬಾದ್ 1948ರ ಆಗಸ್ಟಿನಲ್ಲಿ ವಿಶ್ವಸಂಸ್ಥೆಯ ಭದ್ರತಾ ಮಂಡಳಿಗೂ ದೂರು ಕೊಟ್ಟಿತು. ಸೆಪ್ಟೆಂಬರ್ 13ಕ್ಕೆ ಭಾರತದ ಸೇನೆ ಒಳಬಂತು, 17ಕ್ಕೆ ಎಲ್ಲಾ ಮುಗಿಯಿತು. ಮುಗಿಯಲಿಲ್ಲ ಅನ್ನುವುದೂ ನಿಜವೇ. ಆಮೇಲಿನ ದಿನಗಳಲ್ಲಿ ಬೀದರ, ಗುಲ್ಬರ್ಗಾ, ಉಸ್ಮಾನಾಬಾದ್, ನಾಂದೇಡ ಕಡೆ ಬಡ ಮುಸಲ್ಮಾನರ ಮೇಲೆ ಸೇಡು ತಿರುಗಿತು. ಕಾರ್ಯಾಚರಣೆಯ ವೇಳೆ ಮತ್ತು ಆನಂತರ ಸತ್ತವರು 27ರಿಂದ 40 ಸಾವಿರ ಎಂದು ಸುಂದರಲಾಲ್ ಸಮಿತಿ ಅಂದಾಜು ಮಾಡಿತು. ವಿಮೋಚನೆಯ ಕಥೆ ಹೇಳುವಾಗ ಅಜ್ಜ ಇಲ್ಲಿಗೆ ಬಂದು ಸುಮ್ಮನಾಗುತ್ತಿದ್ದರು.

1956ರ ನವೆಂಬರ್ 1ಕ್ಕೆ ಗಂಗಾವತಿ, ಕಂಪ್ಲಿ ಎರಡೂ ಒಂದೇ ರಾಜ್ಯಕ್ಕೆ ಬಂದವು. ಹೈದರಾಬಾದ್ ಆಂಧ್ರಪ್ರದೇಶಕ್ಕೆ ಹೋಯಿತು, 2014ರಲ್ಲಿ ತೆಲಂಗಾಣದ ರಾಜಧಾನಿಯಾಯಿತು. ಅಜ್ಜನಿಗೆ ಪರದೇಶವಾಗಿದ್ದ ಕಂಪ್ಲಿ ನನಗೆ ಸ್ವಂತ ನಾಡು. ಅಜ್ಜನ ರಾಜಧಾನಿ ನನಗೆ ಹೊರನಾಡು. ನಾವ್ಯಾರೂ ಒಂದು ಹೆಜ್ಜೆ ಸರಿದಿರಲಿಲ್ಲ, ಗೆರೆಗಳೇ ಸರಿದಿದ್ದವು.

ಆ ಸೆಪ್ಟೆಂಬರಿನಲ್ಲೇ ನಿಜಾಮರ ಸುಮಾರು ಹತ್ತು ಲಕ್ಷ ಪೌಂಡ್ ಲಂಡನ್ನಿನಲ್ಲಿ ಪಾಕಿಸ್ತಾನದ ಹೈಕಮಿಷನರ್ ಖಾತೆಗೆ ಹೋಗಿತ್ತು. ಅದು ಯಾರದೆಂಬ ತೀರ್ಪು 2019ರ ಅಕ್ಟೋಬರ್ 2ರಂದು ಬಂತು: ಪಾಕಿಸ್ತಾನದ್ದಲ್ಲ, ನಿಜಾಮರ ವಾರಸುದಾರರದು ಮತ್ತು ಭಾರತದ್ದು. ಅಷ್ಟೊತ್ತಿಗೆ ಅದು ಮೂರೂವರೆ ಕೋಟಿ ಪೌಂಡ್ ಆಗಿತ್ತು.

ನನ್ನ ಒಂದು ರೂಪಾಯಿಯ ತೀರ್ಪು ಅದಕ್ಕೂ ಮೊದಲೇ ಆಗಿತ್ತು. ಹಳೇ ಶಹರದ ಅಂಗಡಿಯಲ್ಲಿ ಒಬ್ಬ ಮುದುಕರಿಗೆ ಅದನ್ನು ತೋರಿಸಿದೆ. ತಿರುಗಿಸಿ ನೋಡಿದರು, ಯಾವ ಊರು ಎಂದರು. ಗಂಗಾವತಿ, ರಾಯಚೂರು ಜಿಲ್ಲೆ ಅಂತ ಅಜ್ಜನ ಕಾಲದ ವಿಳಾಸವನ್ನೇ ಹೇಳಿದೆ. "ಅರೇ, ಆಪ್ ತೋ ಅಪನೇಚ್ ಹೈ" ಎಂದು ಚಹಾ ತರಿಸಿದರು.